ಹಿನ್ನೀರಿನ ಮೇಲೊಂದು ದಾರಿ

ಸೇತುವೆ ಎಂದೊಡನೆ ಮೈಸೂರು ಸೀಮೆಯವನಾದ ನನಗೆ ನೆನಪಾಗುವುದು ಶ್ರೀರಂಗಪಟ್ಟಣದ ವೆಲ್ಲೆಸ್ಲಿ ಸೇತುವೆ. ದಿವಾನ್ ಪೂರ್ಣಯ್ಯನವರ ಆಡಳಿತದಲ್ಲಿ, 1804ರಲ್ಲಿ, ಕಲ್ಲುಕಂಬಗಳ ಮೇಲೆ ನಿಂತ ಅದು ಕಾವೇರಿಯ ದ್ವೀಪಕ್ಕೆ ದಾರಿಯಾಯಿತು. ಆ ದ್ವೀಪವನ್ನು ಮಾಡಿದವಳು ನದಿ. ಶರಾವತಿಯ ಹಿನ್ನೀರಿನಾಚೆಯ ತುಮರಿಯಾದರೋ ಮನುಷ್ಯರು ಮಾಡಿದ ದ್ವೀಪ. ಈ ವ್ಯತ್ಯಾಸವನ್ನು ಮರೆತರೆ, ಸಾಗರ ತಾಲ್ಲೂಕಿನ ಅಂಬಾರಗೋಡ್ಲು–ಕಳಸವಳ್ಳಿಗಳ ನಡುವಣ ಕೇಬಲ್ ಸೇತುವೆ ನಮಗೆ ಬರಿಯ ನೋಟದ ವಸ್ತುವಾಗಿ ಉಳಿದೀತು.

ಶರಾವತಿಗೆ 1948ರಲ್ಲಿ ಹಿರೇಭಾಸ್ಕರ ಅಣೆಕಟ್ಟು ಬಂದಿತು. 1964ರ ಲಿಂಗನಮಕ್ಕಿ ಜಲಾಶಯ ಆ ಹಳೆಯ ಕಟ್ಟೆಯನ್ನೇ ನುಂಗಿತು. ಬೇಸಿಗೆಯಲ್ಲಿ ನೀರು ತೀರ ಇಳಿದಾಗ ಅದು ಇಂದಿಗೂ ತಲೆಯೆತ್ತುತ್ತದೆ. ಗದ್ದೆ, ತೋಟ, ಮನೆಗಳು ಮುಳುಗಿದವು. ನಾಡಿಗೆ ಬೆಳಕು ಬಂದಿತು. ಶರಾವತಿ ವಿದ್ಯುದಾಗಾರದ ಸಾಮರ್ಥ್ಯ 1,035 ಮೆಗಾವಾಟ್. ಆದರೆ ಕರೂರು, ಬಾರಂಗಿ ಹೋಬಳಿಗಳ ಜನರಿಗೆ ಸಾಗರದ ಪೇಟೆ ನೀರಿನಾಚೆಗೆ ಸರಿದುಹೋಯಿತು. ಉಳಿದುದು ಕಾಡಿನ ನಡುವಣ ಬಳಸುದಾರಿ.

ಆಮೇಲೆ ಲಾಂಚೇ ಅವರ ಸೇತುವೆಯಾಯಿತು. ಜನ, ಜೀಪು, ಬಸ್ಸು ಎಲ್ಲವೂ ಅದರ ಮೇಲೆಯೇ ದಾಟಬೇಕು. ಕತ್ತಲಾದರೆ ಲಾಂಚಿಲ್ಲ, ಹೆರಿಗೆಯ ನೋವಿಗಾದರೋ ಹೊತ್ತುಗೊತ್ತಿಲ್ಲ. 2023ರಲ್ಲಿ ಮಳೆ ತಡವಾಗಿ ನೀರು ತಗ್ಗಿದಾಗ ವಾಹನಗಳ ಸಾಗಣೆ ನಿಂತಿತು. ನೀರು ಏರಿ ಊರು ಕಳೆದುಕೊಂಡವರು, ನೀರು ಇಳಿದು ದಾರಿ ಕಳೆದುಕೊಂಡರು.

2025ರ ಜುಲೈ 14ರಂದು ಸೇತುವೆ ತೆರೆಯಿತು. ಎರಡು ಕಿಲೋಮೀಟರಿಗೂ ಮಿಗಿಲಾದ ಉದ್ದ. ಆಳವಾದ ನೀರಿನಲ್ಲಿ ಹೆಜ್ಜೆಹೆಜ್ಜೆಗೂ ಕಂಬ ನಿಲ್ಲಿಸುವುದು ಕಷ್ಟ. ಆದುದರಿಂದ ನಡುವಣ ಕೆಲವೇ ಕಂಬಗಳಿಂದ ಹಾದಿಯನ್ನು ಎರಡೂ ಬದಿಗೆ ಸಮತೂಕದಲ್ಲಿ, ತಕ್ಕಡಿಯ ತಟ್ಟೆಗಳಂತೆ ಚಾಚುತ್ತ ಹೋದರು. ಕಂಬದ ತಲೆಯಿಂದ ಇಳಿಜಾರಾಗಿ ಬಿಗಿದ ಉಕ್ಕಿನ ಕೇಬಲುಗಳು ಆ ಭಾರಕ್ಕೆ ಹೆಗಲು ಕೊಟ್ಟಿವೆ. ಒಂದು ಬದಿಯ ಭಾರವನ್ನು ಇನ್ನೊಂದು ಬದಿ ಹೊರುವುದೇ ಇದರ ಗುಟ್ಟು. ಇದಕ್ಕೆ ಹಿಂದಿನ ವರ್ಷ ಗುಜರಾತಿನ ಓಖಾದಿಂದ ಬೇಟ್ ದ್ವಾರಕೆಯ ದ್ವೀಪಕ್ಕೂ ಕೇಬಲ್ ಸೇತುವೆಯೊಂದು ತೆರೆದಿತ್ತು.

ನಾನು ಇರುವುದು ನಾಗರಹೊಳೆಯ ಅಂಚಿನ ವೀರನಹೊಸಹಳ್ಳಿಯಲ್ಲಿ. ಕಾಡಿನಿಂದ ಹೊರಬಂದ ಆದಿವಾಸಿಗಳ ನಾಗಾಪುರ ನಮ್ಮ ನೆರೆಯಲ್ಲೇ ಇದೆ. ಹೆಗ್ಗಡದೇವನಕೋಟೆಯ ಕಡೆ ಕಬಿನಿಗೆ ಊರು ಒಪ್ಪಿಸಿದವರಿದ್ದಾರೆ. ಆದ್ದರಿಂದಲೇ ಶರಾವತಿಯ ಲೆಕ್ಕ ನನಗೆ ಪರಸ್ಥಳದ ಲೆಕ್ಕವೆನಿಸುವುದಿಲ್ಲ. ನೀರು ನಿಂತದ್ದು 1964ರಲ್ಲಿ, ದಾರಿ ಬಂದದ್ದು 2025ರಲ್ಲಿ: ನಡುವೆ 61 ವರ್ಷ. ಅಂದು ತಾಯಿಯ ಕಂಕುಳಲ್ಲಿ ಊರು ಬಿಟ್ಟ ಕೂಸು ಇಂದು ಮೊಮ್ಮಕ್ಕಳನ್ನು ಕಂಡಿರುವ ವಯಸ್ಸು.

ಸೇತುವೆಗೆ ಸಿಗಂದೂರು ಚೌಡೇಶ್ವರಿಯ ಹೆಸರಿಟ್ಟಿದ್ದಾರೆ. ದೇವಿಯ ದರ್ಶನಕ್ಕೆ ಹೋಗುವವರು ನಿಮಿಷಗಳಲ್ಲಿ ದಾಟಿಬಿಡುತ್ತಾರೆ. ದಾಟುವಾಗ ಒಮ್ಮೆ ಕೆಳಗಿನ ನೀರನ್ನು ನೋಡಬೇಕು; ಅದರಡಿಯಲ್ಲಿ ಹೊಲಗದ್ದೆಗಳಿದ್ದವು. ಈ ಸೇತುವೆಯನ್ನು ಕೊಡುಗೆಯೆನ್ನಲು ನನಗೆ ಮನಸ್ಸು ಬಾರದು. ಅದು ಸಾಲದ ಮರುಪಾವತಿ. ತೀರ ತಡವಾಗಿ ಸಂದದ್ದು. ಇಂಥ ಸಾಲ ನಾಡಿನಲ್ಲಿ ಇನ್ನೂ ಬಹಳ ಉಳಿದಿದೆ.