ವ್ಯಾಯಾಮವೂ ದೇಹದ ಕಾರ್ಯಶಕ್ತಿಯೂ
(ಶ್ರೀಮಠದ ಮಹೋತ್ಸವದ ಆರೋಗ್ಯಗೋಷ್ಠಿಯಲ್ಲಿ ಮಾಡಿದ ಉಪನ್ಯಾಸ)

 ವಿಷಯವು ವೈದ್ಯಶಾಸ್ತ್ರದ್ದು, ಆದರೂ ಅದನ್ನು ಕೊಟ್ಟೂರಿನ ದಾರಿಯಿಂದಲೇ ಆರಂಭಿಸುವದು ಉಚಿತವೆಂದು ನನಗೆ ತೋರುತ್ತದೆ.

ಶ್ರೀ ಗುರು ಕೊಟ್ಟೂರೇಶ್ವರನ ರಥೋತ್ಸವಕ್ಕೆ ದಾವಣಗೆರೆ, ಹರಪನಹಳ್ಳಿಗಳ ಕಡೆಯಿಂದ ಸಹಸ್ರಾರು ಜನರು ಪ್ರತಿವರ್ಷವೂ ಕಾಲ್ನಡಿಗೆಯಲ್ಲಿ ಬರುವದನ್ನು ತಾವೆಲ್ಲರೂ ಬಲ್ಲಿರಿ. ಆ ದಾರಿಯಲ್ಲಿ ನಿಂತು ನೋಡಿದವರಿಗೆ ಒಂದು ಸಂಗತಿಯು ಕಾಣದೆ ಇರದು. ಅರವತ್ತು ದಾಟಿದ ಒಕ್ಕಲುಮಗನು ಹೆಗಲ ಮೇಲೆ ಗಂಟು ಹೊತ್ತು ಮಾತನಾಡುತ್ತಲೇ ಸಾಗುತ್ತಾನೆ. ಅಂಗಡಿಯ ಗಲ್ಲೆಯ ಮುಂದೆ ಕುಳಿತು ಬೆಳೆದ ಮೂವತ್ತರ ತರುಣನು ಎರಡು ಹರಿದಾರಿಯೊಳಗೆ ಏದುಸಿರು ಬಿಡುತ್ತ ಮರದ ನೆರಳನ್ನು ಹುಡುಕುತ್ತಾನೆ. ಭಕ್ತಿಯಲ್ಲಿ ಇಬ್ಬರಿಗೂ ಕೊರತೆಯಿಲ್ಲ. ಹಾಗಾದರೆ ಈ ಅಂತರವೆಲ್ಲಿಯದು?

ನಾವು ಸುಮ್ಮನೆ ಕುಳಿತಿರುವಾಗ ದೇಹವು ತನ್ನ ತೂಕದ ಒಂದೊಂದು ಕಿಲೋಗ್ರಾಮಿಗೆ ನಿಮಿಷಕ್ಕೆ ಸುಮಾರು 3.5 ಮಿಲಿಲೀಟರಿನಷ್ಟು ಪ್ರಾಣವಾಯುವನ್ನು ಬಳಸುತ್ತದೆ. ಚುರುಕಾಗಿ ನಡೆಯುವಾಗ ಇದರ ನಾಲ್ಕು ಮಡಿಯಷ್ಟು ಬೇಕು. ಹತ್ತು ಮಡಿಯವರೆಗೆ ಏರಬಲ್ಲ ದೇಹಕ್ಕೆ ಈ ನಡಿಗೆಯು ಅರ್ಧಕ್ಕಿಂತ ಕಡಿಮೆ ಕೆಲಸ. ಐದೇ ಮಡಿ ಏರಬಲ್ಲವನಿಗೆ ಅದು ಬಹುತೇಕ ಸರ್ವಸ್ವದ ವ್ಯಯ. ಈ ಮೇಲಿನ ಮಿತಿಗೇ ಕಾರ್ಯಶಕ್ತಿಯೆಂದು ಹೆಸರು. ಅದು ಹುಟ್ಟಿನಿಂದ ಕೆಲಮಟ್ಟಿಗೆ ಬಂದದ್ದು, ಅಭ್ಯಾಸದಿಂದ ಕೆಲಮಟ್ಟಿಗೆ ಗಳಿಸತಕ್ಕದ್ದು.

ಗಳಿಕೆಯ ಬಗೆ ಹೇಗೆಂದರೆ: ವಿಶ್ರಾಂತಿಯಲ್ಲಿ ಹೃದಯವು ನಿಮಿಷಕ್ಕೆ ಸುಮಾರು 5 ಲೀಟರು ರಕ್ತವನ್ನು ಸಾಗಿಸುತ್ತದೆ, ಸಾಮಾನ್ಯ ತರುಣನು ಶಕ್ತಿಮೀರಿ ದುಡಿಯುವಾಗ 20 ಲೀಟರು, ನುರಿತ ಓಟಗಾರನಲ್ಲಿ 30 ಲೀಟರನ್ನೂ ಮೀರುವದುಂಟು. ಅಭ್ಯಾಸದಿಂದ ನಾಡಿಯ ಗರಿಷ್ಠ ವೇಗವು ಹೆಚ್ಚುವದಿಲ್ಲ. ಒಂದೊಂದು ಬಡಿತಕ್ಕೆ ಹೊರಬೀಳುವ ರಕ್ತವು ಹೆಚ್ಚುತ್ತದೆ. ಮಾಂಸಖಂಡದಲ್ಲಿ ಕೂದಲಿಗಿಂತ ಸೂಕ್ಷ್ಮವಾದ ರಕ್ತನಾಳಗಳು ಹೊಸದಾಗಿ ಮೂಡುತ್ತವೆ. ಜೀವಕೋಶದೊಳಗೆ ಪ್ರಾಣವಾಯುವನ್ನು ಬಳಸಿ ಶಕ್ತಿಯನ್ನುಂಟುಮಾಡುವ ಮೈಟೊಕಾಂಡ್ರಿಯಗಳು ವೃದ್ಧಿಯಾಗುತ್ತವೆ. ಕೆಲವು ತಿಂಗಳ ಕ್ರಮಬದ್ಧ ವ್ಯಾಯಾಮದಿಂದ ಕಾರ್ಯಶಕ್ತಿಯು ಸಾಮಾನ್ಯವಾಗಿ ಶೇಕಡಾ 15ರಿಂದ 20ರಷ್ಟು ಏರುತ್ತದೆ. ಎಲ್ಲರಿಗೂ ಸಮನಾಗಿಯಲ್ಲ, ಒಬ್ಬನಿಗೆ ಬಹಳ, ಮತ್ತೊಬ್ಬನಿಗೆ ಅಲ್ಪ.

ಈ ಗುಟ್ಟು ನಮ್ಮ ಗರಡಿಮನೆಯ ವಸ್ತಾದರಿಗೆ ತಿಳಿಯದೆ ಇರಲಿಲ್ಲ. ಹೊಸಬನ ಕೈಗೆ ಅವರು ಮೊದಲ ದಿನವೇ ಸಂಗ್ರಾಣಿಕಲ್ಲನ್ನು ಕೊಡುತ್ತಿರಲಿಲ್ಲ. ಹತ್ತು ದಂಡ, ಹತ್ತು ಬಸ್ಕಿ. ವಾರಕ್ಕೊಮ್ಮೆ ಎರಡು ಹೆಚ್ಚು. ಇಂದಿನ ಶಾಸ್ತ್ರವು ಹೇಳುವದೂ ಇದನ್ನೇ. ‘ಶಾಂತಲಾ’ ಕಾದಂಬರಿಯ ಕರ್ತೃಗಳಾದ ಕೆ. ವಿ. ಅಯ್ಯರವರು ಬೆಂಗಳೂರಿನಲ್ಲಿ ವ್ಯಾಯಾಮಶಾಲೆಯನ್ನು ನಡೆಸಿ, ಅಂಚೆಯ ಮೂಲಕವೂ ಅಂಗಸಾಧನೆಯ ಪಾಠಗಳನ್ನು ಕಳುಹಿಸುತ್ತಿದ್ದರು. ಕಾದಂಬರಿಯನ್ನು ಓದಿದವರು ಬಹು ಮಂದಿ. ಪಾಠವನ್ನು ನೆನೆಯುವವರು ವಿರಳ!

ಗಳಿಸಿದ್ದು ಕಳೆಯುವದು ಎಷ್ಟು ಬೇಗ! 1966ರಲ್ಲಿ ಅಮೇರಿಕೆಯ ಡಲ್ಲಾಸ್ ನಗರದಲ್ಲಿ ಇಪ್ಪತ್ತು ವರ್ಷದ 5 ಮಂದಿ ಆರೋಗ್ಯವಂತರನ್ನು 3 ವಾರ ಹಾಸಿಗೆಯಿಂದ ಏಳಗೊಡದೆ ಇರಿಸಿದರು. ಅವರ ಕಾರ್ಯಶಕ್ತಿಯು ಶೇಕಡಾ 27ರಷ್ಟು ಕುಸಿಯಿತು. ಬಳಿಕ ವ್ಯಾಯಾಮದಿಂದ ಅದು ಮರಳಿತು. ಮೂವತ್ತು ವರ್ಷಗಳ ತರುವಾಯ ಆ ಐವರನ್ನೇ ಪುನಃ ಪರೀಕ್ಷಿಸಲಾಗಿ, ಮೂವತ್ತು ವರ್ಷದ ಮುಪ್ಪು ಕಸಿದುದಕ್ಕಿಂತಲೂ ಆ 3 ವಾರದ ಹಾಸಿಗೆಯು ಕಸಿದದ್ದೇ ಹೆಚ್ಚೆಂದು ಕಂಡುಬಂತು.

ಈ ವರದಿಯನ್ನು ನಾನು ಮೊದಲು ಓದಿದ ದಿನ ಪುಸ್ತಕವನ್ನು ಮುಚ್ಚಿಟ್ಟು ಬಹಳ ಹೊತ್ತು ಕುಳಿತಿದ್ದೆ. ಯಾಕೆಂದರೆ ನಮ್ಮ ತಂದೆಯವರಿಗೆ ಹೃದಯಾಘಾತವಾದಾಗ ನಾನಿನ್ನೂ ವಿದ್ಯಾರ್ಥಿ. ಅವರು ವರ್ಷವರ್ಷವೂ ಕೊಟ್ಟೂರಿಗೆ ನಡೆದು ಬಂದವರು. ಬೇನೆ ತಗ್ಗಿ ಮನೆಗೆ ಬಂದ ಮೇಲೆ ನಾವು ಮೂರು ತಿಂಗಳು ಅವರನ್ನು ಮಂಚದಿಂದ ಇಳಿಯಗೊಡಲಿಲ್ಲ. ನೀರನ್ನೂ ಬಾಯಿಗೆ ಹಿಡಿದು ಕುಡಿಸಿದೆವು. ‘ತಮ್ಮಾ, ಕಟ್ಟೆಯವರೆಗಾದರೂ ಹೋಗಿ ಬರುತ್ತೇನೆ’ ಎಂದು ಅವರು ಕೇಳಿದಾಗ ಗದರಿಸಿದವನೂ ನಾನೇ. ಆ ಮೇಲೆ ಅವರಿಗೆ ಹೊಸ್ತಿಲು ದಾಟುವದೇ ಬೆಟ್ಟವಾಯಿತು. ಬೇನೆಯು ಉಳಿಸಿದ್ದನ್ನು ನಮ್ಮ ಪ್ರೀತಿಯು ತೆಗೆದುಕೊಂಡಿತು.

ಹೃದ್ರೋಗಿಗೆ ದುಡಿಮೆ ಹಿತವಾದೀತೆಂಬ ವಿಚಾರವು ಹೊಸದೇನೂ ಅಲ್ಲ. ಎದೆಯ ಹಿಡಿತದ ಬೇನೆಯನ್ನು ಮೊದಲು ಸ್ಪಷ್ಟವಾಗಿ ವರ್ಣಿಸಿದ ಲಂಡನ್ನಿನ ವೈದ್ಯ ಹೆಬರ್ಡೆನ್ನನು, ದಿನಕ್ಕೆ ಅರ್ಧ ತಾಸು ಕಟ್ಟಿಗೆ ಕೊಯ್ದು ಬಹುಮಟ್ಟಿಗೆ ಗುಣಹೊಂದಿದ ರೋಗಿಯೊಬ್ಬನ ಸಂಗತಿಯನ್ನು ಎರಡು ಶತಮಾನಗಳ ಹಿಂದೆಯೇ ಬರೆದಿಟ್ಟಿದ್ದಾನೆ. 1953ರಲ್ಲಿ ಜೆರೆಮಿ ಮಾರಿಸನು ಅದೇ ನಗರದ ಎರಡಂತಸ್ತಿನ ಬಸ್ಸುಗಳಲ್ಲಿ ಮೆಟ್ಟಿಲು ಹತ್ತಿಳಿಯುವ ಕಂಡಕ್ಟರರಿಗಿಂತ ಕುಳಿತೇ ಇರುವ ಡ್ರೈವರರಿಗೆ ಹೃದಯದ ಬೇನೆ ಹೆಚ್ಚೆಂದು ತೋರಿಸಿಕೊಟ್ಟನು. ಈಗ ಹೃದಯಾಘಾತವಾದವರನ್ನು, ಸ್ಥಿತಿ ನೆಲೆಗೊಂಡೊಡನೆ, ಕೆಲವೇ ದಿನಗಳಲ್ಲಿ ನಡೆಸುತ್ತಾರೆ. ಕ್ರಮವಾದ ವ್ಯಾಯಾಮವಿರುವ ಶುಶ್ರೂಷೆಯಿಂದ ಹೃದಯದ ಬೇನೆಯ ಸಾವುಗಳೂ ಮರಳಿ ಆಸ್ಪತ್ರೆ ಸೇರುವದೂ ಕಡಿಮೆಯಾಗುತ್ತವೆ.

ಶ್ವಾಸಕೋಶದ ಹಳೆಯ ಬೇನೆಯಲ್ಲಿ ಒಂದು ವಿಚಿತ್ರವುಂಟು. ಒಲೆಯ ಹೊಗೆಯಿಂದಲೋ ಬೀಡಿಯಿಂದಲೋ ಕೆಟ್ಟ ಶ್ವಾಸಕೋಶವು ವ್ಯಾಯಾಮದಿಂದ ಸುಧಾರಿಸುವದಿಲ್ಲ. ಆದರೂ ರೋಗಿಯು ಆರು ನಿಮಿಷಗಳಲ್ಲಿ ಮೊದಲಿಗಿಂತ ದೂರ ನಡೆಯುತ್ತಾನೆ, ದಮ್ಮು ಕಡಿಮೆಯಾಯಿತೆನ್ನುತ್ತಾನೆ. ಕಾಲಿನ ಮಾಂಸವು ಪಳಗಿ ಅಷ್ಟೇ ಕೆಲಸಕ್ಕೆ ಕಡಿಮೆ ಉಸಿರನ್ನು ಬೇಡುವದೇ ಇದಕ್ಕೆ ಮುಖ್ಯ ಕಾರಣ. ಮಧುಮೇಹದಲ್ಲಿಯೂ ದುಡಿಯುವ ಮಾಂಸಖಂಡವು ರಕ್ತದ ಸಕ್ಕರೆಯನ್ನು ಎಳೆದುಕೊಳ್ಳುತ್ತದೆ. ಇನ್ನು ವೃದ್ಧರು: 1990ರಲ್ಲಿ ಪ್ರಕಟವಾದ ಬಾಸ್ಟನ್ನಿನ ಪ್ರಯೋಗವೊಂದರಲ್ಲಿ 86ರಿಂದ 96 ವಯಸ್ಸಿನವರು 8 ವಾರ ಕಾಲಿನಿಂದ ಭಾರವೆತ್ತಿ ತಮ್ಮ ತೊಡೆಯ ಬಲವನ್ನು ಇಮ್ಮಡಿಗೂ ಮೀರಿ ಹೆಚ್ಚಿಸಿಕೊಂಡರು.

ಈ ಐದು ತಾಲ್ಲೂಕುಗಳಲ್ಲಿ ಈ ಮಾತಿಗೆ ಮೊದಲು ಅವಶ್ಯವಿರಲಿಲ್ಲ. ಕೂಡ್ಲಿಗಿಯ ಮಡ್ಡಿಯಲ್ಲಿ ಕುಂಟೆ ಹೊಡೆದವನಿಗೆ, ಹಡಗಲಿಯಲ್ಲಿ ಹೊತ್ತು ಮೂಡುವ ಮೊದಲೇ ಮಲ್ಲಿಗೆ ಬಿಡಿಸಿ ಕೊಡ ಹೊತ್ತವಳಿಗೆ ವ್ಯಾಯಾಮವನ್ನು ಬೋಧಿಸುವದು ಪರಿಹಾಸ್ಯವೇ ಸರಿ. ಈಗ ಟ್ರ್ಯಾಕ್ಟರು ಬಂದಿದೆ, ಬಾಗಿಲಿಗೆ ನಲ್ಲಿ ಬಂದಿದೆ, ಹಗರಿಬೊಮ್ಮನಹಳ್ಳಿಯ ಸಂತೆಗೆ ಮೋಟರುಸೈಕಲ್ಲು ಹೋಗುತ್ತದೆ. ಬಂದದ್ದು ಒಳ್ಳೆಯದೇ, ತಾಯಂದಿರ ತಲೆಯ ಮೇಲೆ ಮತ್ತೆ ಕೊಡವನ್ನು ಹೊರಿಸಬೇಕೆಂದು ನಾನು ಹೇಳುವದಿಲ್ಲ. ಆ ಕೊಡವು ಕಾಯುತ್ತಿದ್ದ ಬಲವನ್ನು ಬೇರೆ ರೀತಿಯಿಂದ ಕಾಯಬೇಕಾಗಿದೆ, ಅಷ್ಟೆ.

ಆದುದರಿಂದ ಮುಂದಿನ ತೇರಿಗೆ ನಡೆದು ಬರುವವರಲ್ಲಿ ನನ್ನ ಬಿನ್ನಹವಿದು. ದೀಪಾವಳಿಯಿಂದಲೇ ಆರಂಭಿಸಿರಿ. ವಾರಕ್ಕೆ ಐದು ದಿನ, ಬಿಸಿಲೇರುವ ಮೊದಲು, ಅರ್ಧ ಗಂಟೆ ನಡೆಯಿರಿ. ಮಾತನಾಡಲಾಗಬೇಕು, ಹಾಡಲಾಗಬಾರದು, ಅಷ್ಟು ವೇಗ ಸಾಕು. ಹದಿನೈದು ದಿನಕ್ಕೊಮ್ಮೆ ದೂರವನ್ನು ಸ್ವಲ್ಪ ಬೆಳೆಸಿರಿ. ವಾರಕ್ಕೆರಡು ದಿನ ಬಸ್ಕಿಯೂ ಇರಲಿ. ಜ್ವರವಿದ್ದಾಗ ಬೇಡ. ನಡೆಯುವಾಗ ಎದೆ ಹಿಡಿದರೆ, ಕಣ್ಣು ಕತ್ತಲಿಟ್ಟರೆ ಕೂಡಲೆ ನಿಂತು ವೈದ್ಯರನ್ನು ಕಾಣಿರಿ. ಹೃದಯದ ಬೇನೆಯುಳ್ಳವರು ಅವರ ಅಪ್ಪಣೆಯಿಲ್ಲದೆ ಆರಂಭಿಸಕೂಡದು. ಮನೆಯಲ್ಲಿ ಬೇನೆಯಿಂದ ಎದ್ದ ಹಿರಿಯರಿದ್ದು, ವೈದ್ಯರು ಒಪ್ಪಿದ್ದರೆ, ಅವರು ಕಟ್ಟೆಯವರೆಗೆ ಹೋಗಿ ಬರುತ್ತೇನೆಂದಾಗ ಕೈ ಹಿಡಿದು ಜೊತೆಗೆ ಹೋಗಿರಿ.