ಯೋಧನ ಮನೋಬಲ, ಮನೆಯ ಮನೋಬಲ



ಸೈನಿಕನೆಂದರೆ ಯಾರು ಎಂದು ನಿಮ್ಮನ್ನು ಕೇಳಿದರೆ, 'ಹೆದರಿಕೆಯೇ ಇಲ್ಲದವನು' ಎಂದು ನೀವು ಥಟ್ಟನೆ ಉತ್ತರಿಸಬಹುದು. ಶಾಲೆಯ ಪ್ರಬಂಧಗಳಲ್ಲಿ, ಸ್ವಾತಂತ್ರ್ಯ ದಿನದ ಭಾಷಣಗಳಲ್ಲಿ, ಚಲನಚಿತ್ರಗಳಲ್ಲಿ ನಮಗೆ ಕಾಣಸಿಗುವ ಸೈನಿಕ ಅಂಥವನೇ. ಅವನ ಎದೆ ಕಲ್ಲಿನದು. ಅವನ ತಾಯಿ ಕಣ್ಣೀರು ಹಾಕುವುದಿಲ್ಲ. ಅವನ ಹೆಂಡತಿ ನಗುನಗುತ್ತಾ ತಿಲಕವಿಟ್ಟು ಕಳುಹಿಸುತ್ತಾಳೆ. ಇದು ಗೌರವದಿಂದ ಬರೆದ ಚಿತ್ರವೇ ಸರಿ. ಆದರೆ ಈ ಚಿತ್ರದಿಂದ ಸೈನಿಕನಿಗೂ ಅವನ ಮನೆಯವರಿಗೂ ತೊಂದರೆಯಾಗಿದೆ ಎಂದರೆ ನಿಮಗೆ ಆಶ್ಚರ್ಯವಾದೀತು. ಕಲ್ಲಿಗೆ ನೋವಾಗುವುದಿಲ್ಲ ಎಂದು ನಂಬಿದವರು ಕಲ್ಲಿನ ಯೋಗಕ್ಷೇಮ ವಿಚಾರಿಸಲು ಹೋಗುವುದಿಲ್ಲವಷ್ಟೇ.

ಹಾಗಾದರೆ ಮನೋಬಲವೆಂದರೇನು? ಮುಂಗಾರಿನ ಗಾಳಿಗೆ ಅಡಿಕೆಯ ಮರ ಬಾಗುತ್ತದೆ. ಗಾಳಿ ನಿಂತ ಮೇಲೆ ಮತ್ತೆ ನೆಟ್ಟಗಾಗುತ್ತದೆ. ಪೆಟ್ಟು ತಿಂದ ಮೇಲೂ ಹೀಗೆ ಸುಧಾರಿಸಿಕೊಂಡು ನಿಲ್ಲುವ ಶಕ್ತಿಗೆ ಮನೋಬಲ ಎನ್ನೋಣ. ಇದು ಕೆಲವರಿಗೆ ಹುಟ್ಟಿನಿಂದಲೇ ಬಂದಿರುತ್ತದೆ, ಉಳಿದವರಿಗೆ ಬರುವುದೇ ಇಲ್ಲ ಎಂಬ ನಂಬಿಕೆ ಬಹುಕಾಲ ಇತ್ತು. ಮನೋಬಲವನ್ನು ಮೆಟ್ಟಿಲು ಮೆಟ್ಟಿಲಾಗಿ ಕಟ್ಟಬೇಕು, ಮತ್ತು ಅದನ್ನು ಹಲವರು ಸೇರಿ ಕಟ್ಟಬೇಕು ಎಂಬುದು ಇಂದಿನ ನನ್ನ ಮಾತಿನ ತಿರುಳು.

ಮೊದಲು ದೇಹದ ಉದಾಹರಣೆಯನ್ನೇ ನೋಡೋಣ. ಸುಮಾರು 18 ಸಾವಿರ ಅಡಿ ಎತ್ತರದಲ್ಲಿ ಗಾಳಿಯ ಒತ್ತಡ ಸಮುದ್ರಮಟ್ಟದಲ್ಲಿರುವುದರ ಅರ್ಧದಷ್ಟು ಮಾತ್ರ. ಅಂದರೆ ಒಂದು ಉಸಿರಿಗೆ ಸಿಗುವ ಆಮ್ಲಜನಕವೂ ಅರ್ಧದಷ್ಟೇ. 1962ರ ಚೀನಾ ಯುದ್ಧದ ಸಮಯದಲ್ಲಿ ಬಯಲು ನಾಡಿನಲ್ಲಿದ್ದ ನಮ್ಮ ಅನೇಕ ಪಡೆಗಳನ್ನು ತರಾತುರಿಯಿಂದ ಹಿಮಾಲಯದ ಎತ್ತರಕ್ಕೆ ಕಳುಹಿಸಬೇಕಾಯಿತು. ಗಟ್ಟಿಮುಟ್ಟಾದ ತರುಣರೂ ತಲೆನೋವು, ವಾಂತಿ, ಶ್ವಾಸಕೋಶದಲ್ಲಿ ನೀರು ತುಂಬುವ ತೊಂದರೆಗಳಿಂದ ಹಾಸಿಗೆ ಹಿಡಿದರು. ಹೀಗೆ ಎತ್ತರದ ಪ್ರದೇಶದಲ್ಲಿ ಕಾಯಿಲೆ ಬಿದ್ದ 1,925 ಸೈನಿಕರನ್ನು ನಮ್ಮ ಸೇನಾ ವೈದ್ಯರು ಅಭ್ಯಾಸ ಮಾಡಿ, 1969ರಲ್ಲಿ ಅಮೆರಿಕದ ಹೆಸರಾಂತ ವೈದ್ಯಕೀಯ ಪತ್ರಿಕೆಯೊಂದರಲ್ಲಿ ವರದಿ ಪ್ರಕಟಿಸಿದರು. ಪರ್ವತರೋಗವನ್ನು ಕುರಿತು ಜಗತ್ತಿನಲ್ಲಿ ನಡೆದ ಮುಖ್ಯ ಅಧ್ಯಯನಗಳಲ್ಲಿ ಇದೂ ಒಂದು.

ಈ ಅನುಭವದಿಂದ ಸೈನ್ಯ ಪಾಠ ಕಲಿಯಿತು. ಈಗ ಎತ್ತರಕ್ಕೆ ಹೋಗುವ ಯೋಧ ಒಮ್ಮೆಲೇ ಮೇಲೇರುವಂತಿಲ್ಲ. 9 ಸಾವಿರದಿಂದ 12 ಸಾವಿರ ಅಡಿಯ ನಡುವೆ 6 ದಿನ, 15 ಸಾವಿರ ಅಡಿಯವರೆಗೆ ಮತ್ತೆ 4 ದಿನ, ಅದರ ಮೇಲೆ ಇನ್ನೂ 4 ದಿನ ತಂಗಬೇಕು. ಮೊದಲೆರಡು ದಿನ ವಿಶ್ರಾಂತಿ, ಬಳಿಕ ಸಣ್ಣ ನಡಿಗೆ, ಆಮೇಲೆ ಏರು. ಯಾರೆಷ್ಟೇ ಶೂರರಾದರೂ ಈ ನಿಯಮದಿಂದ ವಿನಾಯಿತಿ ಇಲ್ಲ. ಆಮ್ಲಜನಕ ಕಡಿಮೆಯಾದರೆ ದೇಹ ಬಳಲುತ್ತದೆ ಎಂದು ಒಪ್ಪಿಕೊಂಡದ್ದರಿಂದಲೇ ಸಾವಿರಾರು ಜೀವಗಳು ಉಳಿದಿವೆ. ಹಾಗೆಂದು ಒಪ್ಪಿಕೊಳ್ಳುವುದನ್ನು ಯಾರೂ ಹೇಡಿತನವೆನ್ನುವುದಿಲ್ಲ.

ಮನಸ್ಸಿನ ವಿಷಯದಲ್ಲಿ ಮಾತ್ರ ಮನುಷ್ಯ ಇಷ್ಟು ಬೇಗ ಬುದ್ಧಿ ಕಲಿಯಲಿಲ್ಲ. ಮೊದಲನೆಯ ಮಹಾಯುದ್ಧದ ಕಂದಕಗಳಲ್ಲಿ ತಿಂಗಳುಗಟ್ಟಲೆ ಫಿರಂಗಿ ಗುಂಡುಗಳ ಮಳೆಗೆ ಸಿಕ್ಕಿದ ಸೈನಿಕರಲ್ಲಿ ಕೆಲವರಿಗೆ ಕೈಕಾಲು ನಡುಗತೊಡಗಿದವು. ಕೆಲವರಿಗೆ ಮಾತೇ ನಿಂತುಹೋಯಿತು. ಇನ್ನು ಕೆಲವರು ನಿದ್ದೆಯಲ್ಲಿ ಚೀರಿ ಏಳುತ್ತಿದ್ದರು. 1915ರಲ್ಲಿ ಚಾರ್ಲ್ಸ್ ಮೈಯರ್ಸ್ ಎಂಬ ಬ್ರಿಟಿಷ್ ವೈದ್ಯರು ವೈದ್ಯಕೀಯ ಪತ್ರಿಕೆಯಲ್ಲಿ ಈ ಸ್ಥಿತಿಯನ್ನು 'ಷೆಲ್ ಷಾಕ್' ಎಂಬ ಹೆಸರಿನಿಂದ ವಿವರಿಸಿದರು. ಆದರೆ ಅನೇಕ ಸೇನಾಧಿಕಾರಿಗಳಿಗೆ ಅದು ಅಂಜುಬುರುಕತನವಾಗಿಯೇ ಕಂಡಿತು. ಪಲಾಯನ, ಹೇಡಿತನ ಮುಂತಾದ ಆರೋಪಗಳ ಮೇಲೆ ಗುಂಡಿಕ್ಕಿ ಕೊಲ್ಲಲ್ಪಟ್ಟ ಬ್ರಿಟಿಷ್ ಸಾಮ್ರಾಜ್ಯದ 306 ಸೈನಿಕರಿಗೆ ಬ್ರಿಟಿಷ್ ಸರ್ಕಾರ 2006ರಲ್ಲಿ ಕ್ಷಮಾದಾನ ನೀಡಿತು. ಅವರಲ್ಲಿ ಎಷ್ಟೋ ಜನ ಮನಸ್ಸಿನ ಗಾಯದಿಂದ ನರಳುತ್ತಿದ್ದರು ಎಂಬುದು ಇಂದು ಒಪ್ಪಿತವಾದ ಮಾತು. ಆ ಅರಿವು ಅವರ ಮನೆಗಳಿಗೆ ತಲುಪಲು 90 ವರ್ಷ ಹಿಡಿಯಿತು.

ಅದೇ ಯುದ್ಧದಲ್ಲಿ ಇನ್ನೊಂದು ಸಂಗತಿಯೂ ಬೆಳಕಿಗೆ ಬಂದಿತು. ಮನಸ್ಸು ಕುಸಿದ ಸೈನಿಕನನ್ನು ದೂರದ ಆಸ್ಪತ್ರೆಗೆ ಸಾಗಿಸಿ, ಜೊತೆಗಾರರಿಂದ ಬೇರ್ಪಡಿಸಿದರೆ ಅವನು ಸುಧಾರಿಸುವುದು ಕಷ್ಟ. ತನ್ನ ತುಕಡಿಗೆ ಹತ್ತಿರದಲ್ಲೇ, ತಡಮಾಡದೆ, 'ನೀನು ಗುಣವಾಗುತ್ತೀಯೆ' ಎಂಬ ಭರವಸೆಯೊಂದಿಗೆ ನಿದ್ದೆ, ಊಟ, ವಿಶ್ರಾಂತಿ ಕೊಟ್ಟರೆ ಎಷ್ಟೋ ಜನ ಚೇತರಿಸಿಕೊಳ್ಳುತ್ತಿದ್ದರು. ಹತ್ತಿರ, ಬೇಗ, ಭರವಸೆ ಎಂಬ ಈ ಮೂರು ಮಾತುಗಳನ್ನು ನೀವು ನೆನಪಿನಲ್ಲಿಡಿ. ಅವು ಯುದ್ಧರಂಗಕ್ಕೆ ಹೇಗೋ ನಿಮ್ಮ ಕಾಲೇಜಿನ ಹಾಸ್ಟೆಲಿಗೂ ಹಾಗೆಯೇ ಅನ್ವಯಿಸುತ್ತವೆ.

ನಮ್ಮ ಸೈನ್ಯದ ದಿನನಿತ್ಯದ ಬದುಕನ್ನು ಗಮನಿಸಿದರೆ ಮನೋಬಲವನ್ನು ಕಟ್ಟುವ ಸಣ್ಣ ಸಣ್ಣ ಏರ್ಪಾಡುಗಳು ಕಾಣುತ್ತವೆ. ಅವುಗಳಲ್ಲಿ ಒಂದು ಜೋಡಿಯ ಪದ್ಧತಿ. ಪ್ರತಿಯೊಬ್ಬ ಜವಾನನಿಗೂ ಒಬ್ಬ ಜೊತೆಗಾರ ಇರುತ್ತಾನೆ. ಅವನನ್ನು ಸೈನ್ಯದಲ್ಲಿ 'ಬಡ್ಡಿ' ಎಂದು ಕರೆಯುತ್ತಾರೆ. ಇದು ನಮ್ಮ ಸಾಲದ ಬಡ್ಡಿಯಲ್ಲ. ಒಡನಾಡಿ ಎಂಬ ಅರ್ಥದ ಇಂಗ್ಲಿಷ್ ಪದ. ತನ್ನ ಜೊತೆಗಾರ ಊಟ ಬಿಟ್ಟಿದ್ದಾನೆಯೇ, ನಿದ್ದೆಗೆಟ್ಟಿದ್ದಾನೆಯೇ, ಮನೆಯಿಂದ ಸುದ್ದಿ ಬಂದ ಮೇಲೆ ಮಂಕಾಗಿದ್ದಾನೆಯೇ ಎಂದು ಮೊದಲು ತಿಳಿಯುವವನು ಅವನೇ. ಜವಾನರು ತಮ್ಮ ಅಹವಾಲುಗಳನ್ನು ನೇರವಾಗಿ ಅಧಿಕಾರಿಯ ಮುಂದೆ ಹೇಳಿಕೊಳ್ಳಲು ಸೈನಿಕ ಸಮ್ಮೇಳನವಿದೆ. ಅಧಿಕಾರಿಗಳೂ ಜವಾನರೂ ಒಟ್ಟಿಗೆ ಕುಳಿತು ಉಣ್ಣುವ ಬಡಾಖಾನಾ ಇದೆ. ಪ್ರಾರ್ಥನೆ ನಡೆಸುವ, ಕಷ್ಟಸುಖ ಕೇಳುವ ಧರ್ಮಗುರು ಇರುತ್ತಾರೆ. ಜವಾನನಿಗೆ ವರ್ಷಕ್ಕೆ 60 ದಿನಗಳ ವಾರ್ಷಿಕ ರಜೆ, 30 ದಿನಗಳ ಸಾಂದರ್ಭಿಕ ರಜೆ ಇವೆ. ರಜೆಯೂ ಯುದ್ಧಸಿದ್ಧತೆಯ ಒಂದು ಭಾಗವೇ.

ಇವೆಲ್ಲಕ್ಕೂ ಮಿಗಿಲಾದದ್ದು ಒಂದು ನಂಬಿಕೆ: 'ನಾನು ಬಿದ್ದರೆ ನನ್ನವರು ನನ್ನನ್ನು ಹುಡುಕಿಕೊಂಡು ಬರುತ್ತಾರೆ.' 2016ರ ಫೆಬ್ರವರಿ 3ರಂದು ಸಿಯಾಚಿನ್ ಪ್ರದೇಶದಲ್ಲಿ, ಸುಮಾರು 19,600 ಅಡಿ ಎತ್ತರದ ಸೋನಂ ಠಾಣೆಯ ಮೇಲೆ ಹಿಮ ಕುಸಿದು ಮದ್ರಾಸ್ ರೆಜಿಮೆಂಟಿನ 10 ಮಂದಿ ಹೂತುಹೋದರು. ಬದುಕಿರುವ ಆಸೆ ಯಾರಿಗೂ ಉಳಿದಿರಲಿಲ್ಲ. ಆದರೂ ಜೊತೆಗಾರರು ಅಗೆಯುವುದನ್ನು ನಿಲ್ಲಿಸಲಿಲ್ಲ. ತರಬೇತಾದ ನಾಯಿಗಳನ್ನೂ ಯಂತ್ರಗಳನ್ನೂ ಬಳಸಿ, ಕೊರೆಯುವ ಚಳಿಯಲ್ಲಿ ಹಗಲಿರುಳು ಬಂಡೆಯಂಥ ಹಿಮವನ್ನು ಒಡೆದರು. ಆರನೆಯ ದಿನ ನಮ್ಮ ಧಾರವಾಡ ಜಿಲ್ಲೆಯ ಬೆಟದೂರಿನ ಲಾನ್ಸ್ ನಾಯಕ್ ಹನುಮಂತಪ್ಪ ಕೊಪ್ಪದ ಅವರು ಜೀವಂತವಾಗಿ ಸಿಕ್ಕರು. ಫೆಬ್ರವರಿ 11ರಂದು ದೆಹಲಿಯ ಸೇನಾ ಆಸ್ಪತ್ರೆಯಲ್ಲಿ ಅವರು ಕೊನೆಯುಸಿರೆಳೆದರು. ನಾಡೆಲ್ಲ ಮರುಗಿತು. ಅವರ ಸಹನೆಯನ್ನು ನಾವು ಸ್ಮರಿಸುತ್ತೇವೆ. ಅದರ ಜೊತೆಗೆ, ಆರು ದಿನ ಕೈಬಿಡದೆ ಅಗೆದವರನ್ನೂ ಸ್ಮರಿಸಬೇಕು. ಹಾಗೆ ಅಗೆಯುವವರು ಇದ್ದಾರೆಂಬ ಅರಿವೇ ಎತ್ತರದ ಠಾಣೆಗಳಲ್ಲಿ ನಿಂತ ಪ್ರತಿಯೊಬ್ಬನ ಬಲ.

ಇನ್ನು ಮನೆಯ ಕಡೆಗೆ ಬರೋಣ. ಗಡಿಯ ಠಾಣೆಗಳಿಗೆ ಸಂಸಾರವನ್ನು ಕರೆದೊಯ್ಯುವಂತಿಲ್ಲ. ಎರಡು ಮೂರು ವರ್ಷ ಮನೆಯವರು ಊರಿನಲ್ಲೋ ಸೇನಾ ಕ್ವಾರ್ಟರ್ಸಿನಲ್ಲೋ ಉಳಿಯುತ್ತಾರೆ. ಹಿಂದೆಲ್ಲ ಅವರ ಆಸರೆ ಅಂಚೆ. 'ಕೇರ್ ಆಫ್ 56 ಎ.ಪಿ.ಒ.', 'ಕೇರ್ ಆಫ್ 99 ಎ.ಪಿ.ಒ.' ಎಂಬ ವಿಳಾಸ ಬರೆದರೆ ಸಾಕು, ಸೈನಿಕ ಯಾವ ಕಣಿವೆಯಲ್ಲಿದ್ದಾನೆಂದು ಮನೆಯವರಿಗೆ ತಿಳಿಯದಿದ್ದರೂ ಕಾಗದ ಅವನನ್ನು ತಲುಪುತ್ತಿತ್ತು. ಈ ಕೆಲಸಕ್ಕೆಂದೇ 1972ರಲ್ಲಿ ಸೇನಾ ಅಂಚೆ ಸೇವೆ ಸ್ವತಂತ್ರ ವಿಭಾಗವಾಯಿತು. ಇಂದು ದೂರವಾಣಿ ಆ ಕಾಗದದ ಜಾಗಕ್ಕೆ ಬಂದಿದೆ. ಅನುಕೂಲವೇನೋ ಆಯಿತು, ಜೊತೆಗೆ ಹೊಸ ಭಾರವೂ ಬಂದಿತು. ಮಗುವಿನ ಜ್ವರ, ಜಮೀನಿನ ತಕರಾರು, ಅತ್ತೆ ಸೊಸೆಯರ ಮನಸ್ತಾಪಗಳೆಲ್ಲ ಅಂದೇ ಅವನ ಕಿವಿಗೆ ಬೀಳುತ್ತವೆ. ಅಲ್ಲಿಂದ ಅವನು ಮಾಡುವಂಥದೇನೂ ಇರುವುದಿಲ್ಲ.

ದೊಡ್ಡ ಸೇನಾನಿಯ ಮನೆಗೂ ಈ ಕಾಯುವಿಕೆ ತಪ್ಪಿದ್ದಲ್ಲ. ಸ್ವತಂತ್ರ ಭಾರತದ ಸೈನ್ಯದ ಮೊದಲ ಭಾರತೀಯ ಮಹಾದಂಡನಾಯಕರು ಕೊಡಗಿನ ಕೆ. ಎಂ. ಕಾರ್ಯಪ್ಪನವರು. 1965ರ ಯುದ್ಧದ ಕೊನೆಯಲ್ಲಿ ಅವರ ಮಗ, ವಾಯುಸೇನೆಯ ಅಧಿಕಾರಿ ಕೆ. ಸಿ. ಕಾರ್ಯಪ್ಪನವರ ವಿಮಾನ ಉರುಳಿ, ಅವರು ಪಾಕಿಸ್ತಾನದಲ್ಲಿ ಸೆರೆಯಾದರು. ಆಗ ಪಾಕಿಸ್ತಾನದ ಅಧ್ಯಕ್ಷರಾಗಿದ್ದ ಅಯೂಬ್ ಖಾನರು ಅವಿಭಜಿತ ಸೈನ್ಯದಲ್ಲಿ ಕಾರ್ಯಪ್ಪನವರನ್ನು ಬಲ್ಲವರು. ಮಗನನ್ನು ವಿಶೇಷವಾಗಿ ನೋಡಿಕೊಳ್ಳುವ ಸೂಚನೆ ಬಂದಾಗ, ಸೆರೆಯಲ್ಲಿರುವ ಎಲ್ಲ ಸೈನಿಕರೂ ತಮ್ಮ ಮಕ್ಕಳೇ, ಎಲ್ಲರನ್ನೂ ಒಂದೇ ರೀತಿ ನೋಡಿಕೊಳ್ಳಿ ಎಂಬರ್ಥದ ಉತ್ತರವನ್ನು ಅವರು ಕೊಟ್ಟರೆಂಬುದು ಪ್ರಸಿದ್ಧ. ಮಗ ಮರಳಿದ್ದು 1966ರ ಜನವರಿಯಲ್ಲಿ. ಆ ನಾಲ್ಕು ತಿಂಗಳು ಸೆರೆಯಲ್ಲಿದ್ದ ಇತರ ಯೋಧರ ಮನೆಗಳ ಕಾಯುವಿಕೆಯಲ್ಲಿ ಆ ಮನೆಯೂ ಪಾಲುಗೊಂಡಿತು. ದುಃಖವನ್ನು ಹಂಚಿಕೊಂಡಾಗ ಅದನ್ನು ಹೊರುವ ಹೆಗಲು ಹೆಚ್ಚುತ್ತವೆ.

ನಮಗೆ ಸಾಮಾನ್ಯವಾಗಿ ಹೊಳೆಯದ ಒಂದು ಸಂಗತಿಯಿದೆ. ಅಗಲಿಕೆಯಷ್ಟೇ ಮರಳಿ ಬರುವುದೂ ಕಷ್ಟ. ತಂದೆ ಇಲ್ಲದ ಕಾಲದಲ್ಲಿ ಮನೆ ಬೇರೆಯೇ ಒಂದು ಲಯಕ್ಕೆ ಒಗ್ಗಿರುತ್ತದೆ. ತಾಯಿ ಬ್ಯಾಂಕಿನ ವ್ಯವಹಾರ ಕಲಿತಿರುತ್ತಾಳೆ, ಹಿರಿಯ ಮಗಳು ತಮ್ಮನ ಪಾಠ ನೋಡಿಕೊಳ್ಳುತ್ತಿರುತ್ತಾಳೆ. ಪುಟ್ಟ ಮಗು ಅಪ್ಪನನ್ನು ಕಂಡು ಬಾಗಿಲ ಹಿಂದೆ ಅಡಗುತ್ತದೆ. ಬಂದವನಿಗೆ ತನ್ನ ಮನೆಯಲ್ಲಿ ತಾನೇ ಅತಿಥಿಯೆನಿಸುತ್ತದೆ. ತಟ್ಟೆ ಬಿದ್ದ ಸದ್ದಿಗೆ ಬೆಚ್ಚುವುದು, ಸಿಡುಕುವುದು, ಮಾತನಾಡದೆ ಕೂರುವುದು ಕೆಲವರಲ್ಲಿ ಕಾಣುತ್ತದೆ. ಇದು ಪ್ರೀತಿ ಕಡಿಮೆಯಾದುದರ ಗುರುತಲ್ಲ. ಎತ್ತರಕ್ಕೆ ಏರುವವನಿಗೆ ಹೇಗೆ ಮೆಟ್ಟಿಲುಗಳು ಬೇಕೋ ಇಳಿದು ಬರುವವನಿಗೂ ಹಾಗೆಯೇ ಬೇಕು. ಅವನಿಗೂ ಮನೆಗೂ ಕೆಲವು ವಾರಗಳ ಕಾಲಾವಕಾಶ ಕೊಡುವುದೇ ಜಾಣತನ. ಈ ಲಕ್ಷಣಗಳು ತಿಂಗಳುಗಳು ಕಳೆದರೂ ಹೋಗದಿದ್ದರೆ ವೈದ್ಯರನ್ನು ಕಾಣಬೇಕು. ಆಘಾತದ ನಂತರ ಉಳಿಯುವ ಇಂಥ ತೀವ್ರ ಒತ್ತಡಕ್ಕೆ 1980ರಿಂದ ವೈದ್ಯಶಾಸ್ತ್ರದಲ್ಲಿ ಪ್ರತ್ಯೇಕ ಹೆಸರೂ ಇದೆ, ಇಂದು ಚಿಕಿತ್ಸೆಯೂ ಇದೆ.

ಸೈನಿಕರ ಮಕ್ಕಳ ಕಷ್ಟವನ್ನು ದೇಶ ಮೊದಲೇ ಗುರುತಿಸಿತ್ತು. 1963ರಲ್ಲಿ ಕೇಂದ್ರೀಯ ವಿದ್ಯಾಲಯಗಳು ಆರಂಭವಾದಾಗ ಮೊದಲಿಗೆ ಸೇರಿದ್ದು ಸೈನ್ಯದ ರೆಜಿಮೆಂಟುಗಳ ಶಾಲೆಗಳೇ. ತಂದೆಗೆ ಎಲ್ಲಿಗೆ ವರ್ಗವಾದರೂ ಮಗುವಿಗೆ ಅದೇ ಪಠ್ಯ ದೊರೆಯಲಿ ಎಂಬುದು ಆಶಯ. 1966ರಲ್ಲಿ ಸೈನಿಕರ ಪತ್ನಿಯರ ಕ್ಷೇಮಾಭಿವೃದ್ಧಿ ಸಂಘ ಸ್ಥಾಪನೆಯಾಯಿತು. 1972ರಲ್ಲಿ ಮೋಹಿನಿ ಗಿರಿಯವರು ಯುದ್ಧವಿಧವೆಯರ ಸಂಘವನ್ನು ಆರಂಭಿಸಿದರು. ಪತಿಯನ್ನು ಕಳೆದುಕೊಂಡ ಕೆಲವು ಮಹಿಳೆಯರು ಚೆನ್ನೈನ ಅಧಿಕಾರಿಗಳ ತರಬೇತಿ ಅಕಾಡೆಮಿಯಲ್ಲಿ ತರಬೇತು ಪಡೆದು ತಾವೇ ಸಮವಸ್ತ್ರ ಧರಿಸಿದ್ದಾರೆ. ಎಲ್ಲರೂ ಹಾಗೆಯೇ ಮಾಡಬೇಕೆಂದಲ್ಲ. ಒಬ್ಬರು ಹೊಲಿಗೆ ಯಂತ್ರದ ಮುಂದೆ, ಇನ್ನೊಬ್ಬರು ಹೊಲದಲ್ಲಿ, ಮತ್ತೊಬ್ಬರು ಮಕ್ಕಳ ಪಾಠದ ಬಳಿ ಮತ್ತೆ ನೆಟ್ಟಗಾಗುತ್ತಾರೆ.

ಗಾಯಾಳುಗಳ ಪೈಕಿ ಮುರಳಿಕಾಂತ್ ಪೇಟ್ಕರ್ ಅವರನ್ನು ನೆನೆಯೋಣ. ಸೈನ್ಯದಲ್ಲಿ ಮುಷ್ಟಿಯುದ್ಧ ಪಟುವಾಗಿದ್ದ ಅವರಿಗೆ 1965ರ ಯುದ್ಧದಲ್ಲಿ ಹಲವು ಗುಂಡುಗಳು ತಗುಲಿ ಸೊಂಟದ ಕೆಳಗೆ ಸ್ವಾಧೀನ ತಪ್ಪಿತು. ಚಿಕಿತ್ಸೆಯ ಭಾಗವಾಗಿ ಅವರು ನೀರಿಗಿಳಿದರು. 1972ರಲ್ಲಿ ಜರ್ಮನಿಯ ಹೈಡೆಲ್‌ಬರ್ಗಿನಲ್ಲಿ ನಡೆದ ಅಂಗವಿಕಲರ ಒಲಿಂಪಿಕ್ಸ್‌ನಲ್ಲಿ 50 ಮೀಟರ್ ಈಜಿನಲ್ಲಿ ಚಿನ್ನದ ಪದಕ ಗೆದ್ದರು. ಆ ಕ್ರೀಡಾಕೂಟದಲ್ಲಿ ಭಾರತಕ್ಕೆ ಬಂದ ಮೊದಲ ಚಿನ್ನ ಅದು. ಗುಂಡು ತಗುಲಿದ್ದಕ್ಕೂ ಪದಕ ಬಂದದ್ದಕ್ಕೂ ನಡುವೆ 7 ವರ್ಷಗಳಿವೆ ಎಂಬುದನ್ನು ಮರೆಯಬೇಡಿ. ಚೇತರಿಕೆ ಒಂದು ದಿನದ ಪವಾಡವಲ್ಲ.

ಮಿತ್ರರೇ, ನಿಮ್ಮ ತರಗತಿಯಲ್ಲೇ ಸೈನಿಕರ ಮಗನೋ ಮಗಳೋ ಇರಬಹುದು. ಗಡಿಯಲ್ಲಿ ಗುಂಡಿನ ಸುದ್ದಿ ಬಂದ ದಿನ ಆ ಸ್ನೇಹಿತನ ಪಕ್ಕದಲ್ಲಿ ಕುಳಿತುಕೊಳ್ಳಿ. 'ನಿಮ್ಮಪ್ಪ ಎಷ್ಟು ಜನರನ್ನು ಕೊಂದಿದ್ದಾರೆ?' ಎಂದು ಕೇಳಬೇಡಿ; 'ಊಟವಾಯಿತೇ?' ಎಂದು ಕೇಳಿ. ನೆರೆಮನೆಯ ಜವಾನ ರಜೆಯಲ್ಲಿ ಬಂದರೆ ಯುದ್ಧದ ಕಥೆಗಾಗಿ ಪೀಡಿಸದೆ, ಕಬಡ್ಡಿಯಾಟಕ್ಕೆ ಕರೆಯಿರಿ. ನೀವೇ ಸೈನ್ಯ ಸೇರುವ ಕನಸು ಕಾಣುತ್ತಿದ್ದರೆ ಓಟ, ದಂಡೆಗಳ ಜೊತೆಗೆ, ಕಷ್ಟವನ್ನು ಒಬ್ಬ ಗೆಳೆಯನ ಮುಂದೆ ಬಾಯಿಬಿಟ್ಟು ಹೇಳುವ ಅಭ್ಯಾಸವನ್ನೂ ಮಾಡಿಕೊಳ್ಳಿ. ಮನಸ್ಸಿಗೆ ಭಾರವೆನಿಸಿದಾಗ ಯಾರು ಬೇಕಾದರೂ ಕರೆಮಾಡಲು 2022ರಿಂದ ಟೆಲಿ ಮಾನಸ್ ಎಂಬ ಉಚಿತ ಸೇವೆ ಇದೆ, ಸಂಖ್ಯೆ 14416. ಬೆಂಗಳೂರಿನ ನಿಮ್ಹಾನ್ಸ್ ಇದಕ್ಕೆ ಮಾರ್ಗದರ್ಶಕ ಸಂಸ್ಥೆ. ಸೈನಿಕರಿಗೂ ಅವರ ಮನೆಯವರಿಗೂ ಮೀಸಲಾದ ಇದರ ಘಟಕವೊಂದು 2023ರ ಡಿಸೆಂಬರಿನಲ್ಲಿ ಪುಣೆಯ ಸೇನಾ ವೈದ್ಯಕೀಯ ಕಾಲೇಜಿನಲ್ಲಿ ಆರಂಭವಾಯಿತು.

ಹಿಮಾಲಯ ಏರುವ ಯೋಧ ಆರು ದಿನ ತಂಗುವುದನ್ನು ನಾವು ಶಿಸ್ತು ಎನ್ನುತ್ತೇವೆ. ಅವನ ಮನಸ್ಸು ತಂಗುದಾಣ ಬೇಡಿದಾಗಲೂ ಅದನ್ನು ಶಿಸ್ತು ಎಂದೇ ಕರೆಯುವ ಸಮಾಜ ನಮ್ಮದಾಗಲಿ. ಆ ಸಮಾಜವನ್ನು ಕಟ್ಟಬೇಕಾದವರು ನೀವು.