ಕೃಷ್ಣರಂಧ್ರಗಳೂ ಕಾಲದ ಸಮಸ್ಯೆಯೂ



ಈ ಭಾಷಣಕ್ಕೆ ನಮಗೆ ದೊರೆತಿರುವುದು ಕಾಲು ಗಂಟೆ. ನಮ್ಮೆದುರಿನ ಗೋಡೆಯ ಮೇಲೆ ಗಡಿಯಾರವೊಂದು ನಡೆಯುತ್ತಿದೆ; ಅದರ ಮುಳ್ಳು ಗೊತ್ತಾದ ಗೆರೆಯನ್ನು ಮುಟ್ಟಿದೊಡನೆ ನಾವು ಮಾತು ನಿಲ್ಲಿಸತಕ್ಕದ್ದು. ತಮ್ಮ ಮನೆಯ ಗಡಿಯಾರವೂ ಈ ಗಡಿಯಾರವೂ ಒಂದೇ ಕಾಲವನ್ನು ಅಳೆಯುತ್ತವೆಂಬ ನಂಬಿಕೆಯಿಂದಲೇ ಇಂತಹ ಏರ್ಪಾಟುಗಳೆಲ್ಲ ಸಾಗುತ್ತವೆ. ಲೋಕವ್ಯವಹಾರಕ್ಕೆ ಈ ನಂಬಿಕೆ ಸಾಕು. ಆದರೆ ವಿಶ್ವದಲ್ಲಿ ಇದು ಸಲ್ಲದ ಸ್ಥಳಗಳಿವೆ. ಕಾಲವೇ ಕೊನೆಗಾಣುವಂತೆ ತೋರುವ ಸ್ಥಳಗಳೂ ಇವೆ. ಅವುಗಳಿಗೆ ಕೃಷ್ಣರಂಧ್ರಗಳೆಂದು ಹೆಸರು. ಕಪ್ಪುಕುಳಿಗಳೆಂದು ಕರೆಯುವವರೂ ಉಂಟು. ಅವುಗಳ ಸ್ವರೂಪವನ್ನೂ, ಅವುಗಳಿಂದ ಭೌತಶಾಸ್ತ್ರಕ್ಕೆ ಒದಗಿರುವ ಸಂಕಟವನ್ನೂ ಇಂದು ತಮ್ಮ ಮುಂದೆ ಇಡಬೇಕೆಂದಿದ್ದೇವೆ.

ನ್ಯೂಟನ್ನನ ಮತದಲ್ಲಿ ಕಾಲವು ಯಾವ ವಸ್ತುವಿನ ಹಂಗೂ ಇಲ್ಲದೆ ಎಲ್ಲೆಡೆಯೂ ಸಮನಾಗಿ ಸಾಗತಕ್ಕುದು. ಎರಡು ಶತಮಾನಗಳಿಗೂ ಮೇಲ್ಪಟ್ಟು ಈ ಮತವೇ ನಿಂತಿತು. ೧೯೧೫ನೆಯ ಇಸವಿ ನವೆಂಬರ್ ತಿಂಗಳಲ್ಲಿ ಬರ್ಲಿನ್ ನಗರದಲ್ಲಿ ಐನ್‌ಸ್ಟೈನನು ತನ್ನ ಸಾರ್ವತ್ರಿಕ ಸಾಪೇಕ್ಷತಾ ಸಿದ್ಧಾಂತವನ್ನು ಮಂಡಿಸಿದನು. ದ್ರವ್ಯವು ತನ್ನ ಸುತ್ತಣ ದೇಶಕಾಲಗಳನ್ನು ಬಾಗಿಸುತ್ತದೆ. ಭಾರವಾದ ಕಾಯದ ಸಮೀಪದಲ್ಲಿ ಕಾಲವು ಮಂದಗತಿಯಾಗುತ್ತದೆ. ಇದು ಆ ಸಿದ್ಧಾಂತದ ಸಾರ. ಮೈಸೂರು ನಗರದಲ್ಲಿ ಒಂದು ಗಡಿಯಾರವನ್ನೂ, ಅಲ್ಲಿಂದ ಸುಮಾರು ಸಾವಿರ ಅಡಿ ಎತ್ತರದಲ್ಲಿರುವ ಚಾಮುಂಡಿ ಬೆಟ್ಟದ ತುದಿಯಲ್ಲಿ ಮತ್ತೊಂದನ್ನೂ ಇಟ್ಟೆವೆನ್ನೋಣ. ಎರಡೂ ಲೋಪವಿಲ್ಲದ ಗಡಿಯಾರಗಳೇ ಆಗಿದ್ದರೂ ಬೆಟ್ಟದ ಮೇಲಿನದು ವರ್ಷಕ್ಕೆ ಒಂದು ಸೆಕೆಂಡಿನ ಹತ್ತು ಲಕ್ಷದಲ್ಲೊಂದು ಪಾಲಿನಷ್ಟು ಮುಂದಾಗುತ್ತದೆ. ಇದು ಬರಿಯ ಊಹೆಯಲ್ಲ. ಪ್ರಯಾಣಿಕರಿಗೆ ದಾರಿ ತೋರುವ ಜಿ. ಪಿ. ಎಸ್. ಉಪಗ್ರಹಗಳ ಗಡಿಯಾರಗಳು, ಅವುಗಳ ವೇಗದಿಂದಾಗುವ ಹಿನ್ನಡೆಯನ್ನು ಕಳೆದ ಮೇಲೂ, ನೆಲದ ಗಡಿಯಾರಗಳಿಗಿಂತ ದಿನಕ್ಕೆ ೩೮ ಮೈಕ್ರೊಸೆಕೆಂಡು ಮುಂದೋಡುತ್ತವೆ. ಇದನ್ನು ತಿದ್ದದೆ ಬಿಟ್ಟರೆ ಒಂದೇ ದಿನದಲ್ಲಿ ಸ್ಥಳನಿರ್ದೇಶವು ಕಿಲೋಮೀಟರುಗಳಷ್ಟು ತಪ್ಪಿಹೋಗುತ್ತದೆ.

ಬೆಟ್ಟದಲ್ಲಿ ಅತ್ಯಲ್ಪವಾದ ಈ ವ್ಯತ್ಯಾಸವು ಅಪಾರವಾದರೆ ಏನಾದೀತು? ಬೆಳಕೇ ತಪ್ಪಿಸಿಕೊಳ್ಳಲಾರದ ನಕ್ಷತ್ರಗಳಿರಬಹುದೆಂದು ೧೭೮೩ರಷ್ಟು ಹಿಂದೆಯೇ ಇಂಗ್ಲೆಂಡಿನ ಪಾದ್ರಿ ಜಾನ್ ಮಿಚೆಲ್ ಎಂಬಾತನು ಲೆಕ್ಕ ಹಾಕಿದ್ದನು. ಸೂರ್ಯನಷ್ಟೇ ಸಾಂದ್ರತೆಯುಳ್ಳ ನಕ್ಷತ್ರವು ಸೂರ್ಯನ ಐನೂರರಷ್ಟು ವ್ಯಾಸವುಳ್ಳದ್ದಾದರೆ ನಮಗೆ ಕಾಣದೆಂದು ಅವನ ಗಣನೆ. ೧೯೧೫ರ ಕೊನೆಯಲ್ಲಿ ಜರ್ಮನಿಯ ಖಗೋಳಜ್ಞ ಕಾರ್ಲ್ ಶ್ವಾರ್ಟ್ಸ್‌ಶೀಲ್ಡನು ಯುದ್ಧರಂಗದಲ್ಲಿದ್ದುಕೊಂಡೇ ಐನ್‌ಸ್ಟೈನನ ಸಮೀಕರಣಗಳಿಗೆ ಉತ್ತರವೊಂದನ್ನು ಬಿಡಿಸಿ ಕಳುಹಿಸಿದನು. ಮರುವರ್ಷದ ಮೇ ತಿಂಗಳಲ್ಲಿ ಆತನು ರೋಗದಿಂದ ತೀರಿಕೊಂಡನು. ಆ ಉತ್ತರದ ಪ್ರಕಾರ ಸೂರ್ಯನನ್ನು ಮೂರು ಕಿಲೋಮೀಟರು ತ್ರಿಜ್ಯದ ಗೋಳಕ್ಕೆ ಅಡಕಿದರೆ ಅದರಿಂದ ಬೆಳಕು ಹೊರಬರಲಾರದು.

ಪ್ರಕೃತಿಯು ಹೀಗೆ ಅಡಕುವುದುಂಟೇ ಎಂಬುದು ಮುಂದಿನ ಪ್ರಶ್ನೆ. ೧೯೩೦ರಲ್ಲಿ ಹತ್ತೊಂಬತ್ತು ವಯಸ್ಸಿನ ಸುಬ್ರಹ್ಮಣ್ಯನ್ ಚಂದ್ರಶೇಖರರು ವಿದ್ಯಾಭ್ಯಾಸಕ್ಕಾಗಿ ಇಂಗ್ಲೆಂಡಿಗೆ ಹೋಗುತ್ತ, ಹಡಗಿನಲ್ಲಿಯೇ ಕುಳಿತು, ಇಂಧನವು ಮುಗಿದ ನಕ್ಷತ್ರವು ಎಷ್ಟು ಭಾರವನ್ನು ತಾಳಬಲ್ಲುದೆಂದು ಗಣಿಸಿದರು. ಶ್ವೇತಕುಬ್ಜವೆನಿಸಿ ನಿಲ್ಲಬಲ್ಲ ನಕ್ಷತ್ರಕ್ಕೆ ಒಂದು ಮಿತಿಯುಂಟೆಂದು ತೇಲಿತು. ಅದು ಈಗಿನ ಎಣಿಕೆಯಲ್ಲಿ ಸೂರ್ಯನ ಸುಮಾರು ೧.೪ರಷ್ಟು. ೧೯೩೫ರ ಜನವರಿಯಲ್ಲಿ ಲಂಡನ್ನಿನ ವಿದ್ವತ್ಸಭೆಯಲ್ಲಿ ಆ ಕಾಲದ ಪ್ರಖ್ಯಾತ ಖಗೋಳಜ್ಞ ಎಡಿಂಗ್‌ಟನ್ ಇದನ್ನು ಬಹಿರಂಗವಾಗಿ ತಳ್ಳಿಹಾಕಿದನು. ನಕ್ಷತ್ರವು ಕುಸಿಯುತ್ತಲೇ ಹೋಗುವುದೆಂಬ ಮಾತು ಅವನಿಗೆ ಅಸಂಬದ್ಧವಾಗಿ ಕಂಡಿತು. ತರುಣನ ಗಣಿತವು ಸರಿಯಾಗಿಯೇ ಇತ್ತು. ಹಿರಿಯನ ಹೆಸರು ಅದನ್ನು ಬಹುಕಾಲ ಮುಸುಕಿತು. ಚಂದ್ರಶೇಖರರಿಗೆ ನೊಬೆಲ್ ಪಾರಿತೋಷಕವು ಬಂದದ್ದು ೧೯೮೩ರಲ್ಲಿ.

ಈಗ ಕೃಷ್ಣರಂಧ್ರಗಳು ಕೇವಲ ಕಾಗದದ ಮೇಲಿನವಲ್ಲ. ನಮ್ಮ ಕ್ಷೀರಪಥದ ನಡುವೆ ಸೂರ್ಯನ ಸುಮಾರು ನಾಲ್ವತ್ತು ಲಕ್ಷದಷ್ಟು ತೂಕದ ರಂಧ್ರವೊಂದಿದೆ. ಅದರ ನೆರಳಿನ ಚಿತ್ರವು ೨೦೨೨ರಲ್ಲಿ ಪ್ರಕಟವಾಯಿತು. ಅದರೊಳಕ್ಕೆ ದೀಪ ಹಿಡಿದವನೊಬ್ಬನು ಬೀಳುತ್ತಾನೆಂದು ಭಾವಿಸೋಣ. ರಂಧ್ರದ ಎಲ್ಲೆಗೆ ದಿಗಂತವೆಂದು ಹೆಸರು. ದೂರದಲ್ಲಿ ನಿಂತು ನೋಡುವ ನಮಗೆ ದಿಗಂತದ ಬಳಿ ಆ ದೀಪವು ನಿಧಾನವಾಗಿ, ಕೆಂಪಾಗಿ, ಮಸುಕಾಗಿ, ಕಾಣದೆ ಹೋಗುತ್ತದೆ. ಅವನು ದಿಗಂತವನ್ನು ದಾಟಿದ ಗಳಿಗೆಯು ನಮ್ಮ ಗಡಿಯಾರದಲ್ಲಿ ಎಂದಿಗೂ ಬರುವುದಿಲ್ಲ. ಬೀಳುವವನಿಗಾದರೋ ಅಲ್ಲಿ ಗೋಡೆಯೂ ಇಲ್ಲ, ಬಾಗಿಲೂ ಇಲ್ಲ. ತನ್ನ ಕೈಗಡಿಯಾರವು ಎಂದಿನಂತೆ ನಡೆಯುತ್ತಿರಲು ಅವನು ದಾಟಿಬಿಡುತ್ತಾನೆ. ರಂಧ್ರವು ತನ್ನ ಸುತ್ತ ತಾನು ತಿರುಗದೆ ಇರುವುದಾದರೆ, ಆಮೇಲೆ ಅವನಿಗೆ ಉಳಿದಿರುವುದು ಹೆಚ್ಚೆಂದರೆ ಒಂದು ನಿಮಿಷದಷ್ಟು ಕಾಲ. ನಾಳೆಯ ಕಡೆಗೆ ಹೋಗದೆ ನಿಲ್ಲುವುದು ನಮಗೆ ಹೇಗೆ ಅಸಾಧ್ಯವೋ ಹಾಗೆಯೇ ಕೇಂದ್ರದ ಕಡೆಗೆ ಹೋಗದೆ ನಿಲ್ಲುವುದು ಅವನಿಗೆ ಅಸಾಧ್ಯ. ಇಂತಹ ಕುಸಿತದಲ್ಲಿ ದೇಶಕಾಲದ ಎಳೆಗಳು ಎಲ್ಲಿಯೋ ತುಂಡಾಗಲೇಬೇಕೆಂದು ೧೯೬೫ರಲ್ಲಿ ರೋಜರ್ ಪೆನ್‌ರೋಸ್ ಸಾಧಿಸಿ ತೋರಿಸಿದರು. ಕೊನೆಗೆ ಏನಾಗುತ್ತದೆಂದು ಕೇಳಿದರೆ ಸಾಪೇಕ್ಷತಾ ಸಿದ್ಧಾಂತವು ಮೌನ ವಹಿಸುತ್ತದೆ.

ಪರಮಾಣುಗಳ ನಡತೆಯನ್ನು ಆಳುವ ಕ್ವಾಂಟಂ ಸಿದ್ಧಾಂತವನ್ನು ಈಗ ಕರೆಯೋಣವೆಂದರೆ, ಅದಕ್ಕೆ ಕಾಲವೆಂಬುದು ಮತ್ತೊಂದೇ ಬಗೆಯದು. ಅಲ್ಲಿ ಕಾಲವು ನ್ಯೂಟನ್ನನದರಂತೆ ಹೊರಗಿನಿಂದ ತಾಳ ಹಾಕುತ್ತಿರುತ್ತದೆ. ಇಲ್ಲಿ ಕಾಲವೇ ಬಾಗುತ್ತದೆ, ಹಿಗ್ಗುತ್ತದೆ, ಕುಗ್ಗುತ್ತದೆ. ತಾಳ ಹಾಕುವವನೇ ಕುಣಿಯತೊಡಗಿದರೆ ಮೇಳವು ನಡೆಯುವುದೆಂತು? ಜಾನ್ ವ್ಹೀಲರ್, ಬ್ರೈಸ್ ಡಿವಿಟ್ ಎಂಬ ಅಮೆರಿಕದ ಪಂಡಿತರು ಎರಡನ್ನೂ ಕೂಡಿಸಲು ಯತ್ನಿಸಿದಾಗ ೧೯೬೭ರಲ್ಲಿ ದೊರೆತ ಸಮೀಕರಣದಲ್ಲಿ ಕಾಲದ ಚಿಹ್ನೆಯೇ ಇರಲಿಲ್ಲ. ಹಾಗಾದರೆ ಕಾಲವು ಮೂಲವಸ್ತುವೋ, ಶಾಖವು ಅಣುಗಳ ಚಲನೆಯಿಂದ ತೋರುವಂತೆ ಬೇರೊಂದರಿಂದ ತೋರಿಬಂದದ್ದೋ ಎಂಬ ವಿಚಾರವು ಇನ್ನೂ ಇತ್ಯರ್ಥವಾಗಿಲ್ಲ.

ಈ ಜಗಳವನ್ನು ತೀವ್ರಗೊಳಿಸಿದವರು ಸ್ಟೀಫನ್ ಹಾಕಿಂಗ್. ೧೯೭೪ರಲ್ಲಿ ಅವರು, ಕೃಷ್ಣರಂಧ್ರವು ಪೂರ್ಣವಾಗಿ ಕಪ್ಪಲ್ಲ, ಅದು ಕಾದ ವಸ್ತುವಿನಂತೆ ಮಂದವಾಗಿ ಪ್ರಕಾಶಿಸುತ್ತ ಕ್ರಮೇಣ ಕರಗಿಹೋಗಬೇಕೆಂದು ತೋರಿಸಿದರು. ಸೂರ್ಯನಷ್ಟು ತೂಕದ ರಂಧ್ರದ ಶಾಖವು ಪರಮಶೂನ್ಯಕ್ಕಿಂತ ಒಂದು ಡಿಗ್ರಿಯ ಕೋಟಿಯಲ್ಲೊಂದು ಪಾಲೂ ಮೇಲಿರುವುದಿಲ್ಲ. ಅದು ಕರಗಲು ಒಂದರ ಮುಂದೆ ೬೭ ಸೊನ್ನೆಗಳನ್ನಿಟ್ಟಷ್ಟು ವರ್ಷಗಳಾದರೂ ಬೇಕು. ಸಮಸ್ಯೆಯಿರುವುದು ಅವಧಿಯಲ್ಲಲ್ಲ. ಒಂದು ಓಲೆಗರಿಯ ಗ್ರಂಥವನ್ನು ಬೆಂಕಿಗೆ ಹಾಕಿದರೆ ಅಕ್ಷರಗಳು ನಾಶವಾದವೆಂದು ನಾವು ಮರುಗುತ್ತೇವೆ. ಆದರೆ ಹೊಗೆಯ, ಬೂದಿಯ, ಬೆಳಕಿನ ಕಣಕಣವನ್ನೂ ಅಳೆಯಬಲ್ಲವನಿದ್ದರೆ ಗ್ರಂಥವನ್ನು ಮರಳಿ ಓದಬಹುದೆಂಬುದು ಕ್ವಾಂಟಂ ಸಿದ್ಧಾಂತದ ಅಭಯ. ಅದೇ ಗ್ರಂಥವು ಕೃಷ್ಣರಂಧ್ರಕ್ಕೆ ಬಿದ್ದು, ರಂಧ್ರವೂ ಕರಗಿದರೆ, ಹಾಕಿಂಗರ ಲೆಕ್ಕದಂತೆ ಉಳಿಯುವ ಪ್ರಕಾಶದಲ್ಲಿ ಅದರ ಸುಳಿವೂ ಇರುವುದಿಲ್ಲ. ನಡೆದುಹೋದದ್ದು ನಿಜವಾಗಿ ಅಳಿಯಬಲ್ಲುದೇ? ಅಳಿಯಬಲ್ಲುದಾದರೆ ಇಂದಿನಿಂದ ನಿನ್ನೆಯನ್ನು ಊಹಿಸುವ ಶಾಸ್ತ್ರಕ್ಕೆ ಬುಡವೇ ಅಲುಗುತ್ತದೆ. ೧೯೯೭ರಲ್ಲಿ ಹಾಕಿಂಗರು ಅಳಿಯುವುದೆಂದು ಪಂದ್ಯ ಕಟ್ಟಿದರು. ೨೦೦೪ರಲ್ಲಿ ಸೋಲೊಪ್ಪಿ ಎದುರಾಳಿ ಜಾನ್ ಪ್ರೆಸ್ಕಿಲ್ಲರಿಗೆ ಬೇಸ್‌ಬಾಲ್ ಆಟದ ವಿಶ್ವಕೋಶವೊಂದನ್ನು ತೆತ್ತರು. ೨೦೧೯ರಿಂದೀಚಿನ ಗಣನೆಗಳು ವೃತ್ತಾಂತವು ಹೊರಬರುವುದೆಂಬ ಪಕ್ಷಕ್ಕೆ ಬಲ ಕೊಟ್ಟಿವೆ. ಯಾವ ದಾರಿಯಿಂದ ಬರುವುದೆಂಬುದನ್ನು ಮಾತ್ರ ಯಾರೂ ಸ್ಪಷ್ಟವಾಗಿ ತೋರಿಸಿಲ್ಲ.

ಎರಡು ಸಿದ್ಧಾಂತಗಳಿಗೆ ಸಂಧಿಯನ್ನು ಏರ್ಪಡಿಸಲು ಹಲವು ಪಂಥಗಳು ದುಡಿಯುತ್ತಿವೆ. ಕಣಗಳೆಲ್ಲ ಸೂಕ್ಷ್ಮತಂತುಗಳ ಕಂಪನಗಳೆಂದು ಒಂದು ಪಂಥ. ದೇಶವೇ ಬಟ್ಟೆಯಂತೆ ಬಿಡಿಬಿಡಿ ಎಳೆಗಳಿಂದ ಹೆಣೆಯಲ್ಪಟ್ಟಿದೆಯೆಂದು ಮತ್ತೊಂದು. ಇದಕ್ಕೆ ೧೯೮೬ರಲ್ಲಿ ಅಡಿಪಾಯ ಹಾಕಿದವರು ಮಹಾರಾಷ್ಟ್ರದಲ್ಲಿ ಹುಟ್ಟಿದ ಅಭಯ್ ಅಷ್ಟೇಕರ್. ಎರಡರಲ್ಲಿಯೂ ಸೊಗಸಾದ ಗಣಿತವುಂಟು. ಎರಡಕ್ಕೂ ಪ್ರಯೋಗದ ಮುದ್ರೆ ಬಿದ್ದಿಲ್ಲ. ಕ್ವಾಂಟಂ ಗುರುತ್ವವು ಪ್ರಕಟವಾಗಬೇಕಾದ ಅಳತೆಯು ಪ್ರೋಟಾನಿನ ಅಗಲವನ್ನು ಒಂದರ ಮುಂದೆ ೨೦ ಸೊನ್ನೆಗಳನ್ನಿಟ್ಟ ಸಂಖ್ಯೆಯಿಂದ ಭಾಗಿಸಿದಷ್ಟು ಕಿರಿದು; ಯಾವ ಯಂತ್ರವೂ ಅಲ್ಲಿಗೆ ಮುಟ್ಟಿಲ್ಲ.

ಆದರೂ ನಿರಾಶೆಗೆ ಕಾರಣವಿಲ್ಲವೆಂಬುದಕ್ಕೆ ನಮ್ಮ ನಾಡಿನ ನಿದರ್ಶನವೊಂದಿದೆ. ಬೆಂಗಳೂರಿನಲ್ಲಿ ಹುಟ್ಟಿ ಮೈಸೂರು ವಿಶ್ವವಿದ್ಯಾನಿಲಯದಲ್ಲಿ ಪದವಿ ಪಡೆದ ಸಿ. ವಿ. ವಿಶ್ವೇಶ್ವರ ಅವರು ೧೯೭೦ರಲ್ಲಿ, ಕೆಣಕಲ್ಪಟ್ಟ ಕೃಷ್ಣರಂಧ್ರವು ಬಡಿದ ಕಂಚಿನ ಗಂಟೆಯಂತೆ ತನ್ನದೇ ಆದ ಸ್ವರದಲ್ಲಿ ಅನುರಣಿಸಿ ಅಡಗುವುದೆಂದು ಗಣಿಸಿದರು. ಕೃಷ್ಣರಂಧ್ರಗಳು ನಿಜವಾಗಿ ಇವೆಯೇ ಎಂದು ಅನೇಕರು ಸಂಶಯಪಡುತ್ತಿದ್ದ ದಿನಗಳವು. ೨೦೧೫ರ ಸೆಪ್ಟೆಂಬರ್ ೧೪ರಂದು ಅಮೆರಿಕದ ಲೈಗೊ ಯಂತ್ರಗಳು, ನೂರು ಕೋಟಿ ಜ್ಯೋತಿರ್ವರ್ಷಗಳಿಗೂ ಆಚೆ ಎರಡು ರಂಧ್ರಗಳು ಒಂದಾದ ಕಂಪನವನ್ನು ಹಿಡಿದವು. ಅದರ ಕೊನೆಯು ಆ ಗಂಟೆಯ ನಾದಕ್ಕೆ ಹೊಂದುವಂತಿತ್ತು. ಮರುವರ್ಷ ಈ ಸುದ್ದಿ ಪ್ರಕಟವಾದಾಗ ವಿಶ್ವೇಶ್ವರ ಅವರು ಇನ್ನೂ ನಮ್ಮೊಡನಿದ್ದರು. ೨೦೧೭ರ ಜನವರಿಯಲ್ಲಿ ತೀರಿಕೊಂಡರು. ಲೆಕ್ಕಕ್ಕೂ ಸಾಕ್ಷ್ಯಕ್ಕೂ ನಡುವೆ ನಲವತ್ತೈದು ವರ್ಷಗಳು ಸಂದಿದ್ದವು.

ಕ್ವಾಂಟಂ ಗುರುತ್ವದ ಸಾಕ್ಷ್ಯಕ್ಕೆ ಎಷ್ಟು ವರ್ಷ ಕಾಯಬೇಕೋ ಹೇಳಬಲ್ಲವರಿಲ್ಲ. ಅದುವರೆಗೆ ನಾವು ಮಾಡಬಹುದಾದುದು ಎರಡು: ಗಣಿತವನ್ನು ಹಿರಿಯರ ಹೆಸರಿನಿಂದ ಅಳೆಯದಿರುವುದು, ತಿಳಿಯದುದನ್ನು ತಿಳಿದಂತೆ ನಟಿಸದಿರುವುದು. ನಮ್ಮ ಗಡಿಯಾರದ ಮುಳ್ಳು ಗೆರೆಯನ್ನು ಸಮೀಪಿಸಿದೆ. ಅದು ಅಳೆಯುತ್ತಿರುವುದು ಏನೆಂಬುದನ್ನು ಇಂದಿಗೂ ಪೂರ್ತಿಯಾಗಿ ಬಲ್ಲವರಿಲ್ಲವಾದರೂ ಅದರ ಆಜ್ಞೆಗೆ ನಾವು ತಲೆಬಾಗಲೇಬೇಕು.